ಕಾಯುವ ಹೊತ್ತು ಮಾರಾಟಕ್ಕಿಲ್ಲ

ಫೆಬ್ರವರಿ 11

ಅಮ್ಮ,

ಓದದೆ ಕಸದ ಬುಟ್ಟಿಗೆ ಹಾಕಬೇಡ. ಫೋನ್ ಮಾಡಿದರೆ ನನ್ನ ಧ್ವನಿ ಕೇಳಿದ ಕೂಡಲೇ ಇಟ್ಟುಬಿಡುತ್ತೀಯ, ಅದಕ್ಕೇ ಬರೆಯುತ್ತಿದ್ದೇನೆ.

ನಾನು ಚೆನ್ನಾಗಿದ್ದೇನೆ. ದೊಡ್ಡ ಕ್ರೇನು ಈಗ ನನ್ನ ಕೈಗೇ ಬಂದಿದೆ. ಏಣಿ ಹತ್ತಿ ಕ್ಯಾಬಿನ್ನಿನಲ್ಲಿ ಕೂತರೆ ಕೆಳಗೆ ನದಿ, ಅರ್ಧ ಕಟ್ಟಿದ ಸೇತುವೆ, ತಲೆಗೆ ಹಳದಿ ಟೋಪಿ ಹಾಕಿಕೊಂಡ ಜನ. ಮೇಸ್ತ್ರಿ ಕೈ ಬೀಸಿ ಬೈಯುವುದು ಕಾಣುತ್ತದೆ, ಕೇಳುವುದಿಲ್ಲ. ಈ ಕೆಲಸದಲ್ಲಿ ನನಗೆ ತುಂಬ ಹಿಡಿಸಿದ್ದು ಅದೇ. ಕೋಣೆಯಲ್ಲಿ ಜೊತೆಗೆ ವೆಲ್ಡಿಂಗ್ ಮಾಡುವ ಹೆಂಗಸೊಬ್ಬರಿದ್ದಾರೆ. ನಿನ್ನ ವಯಸ್ಸಿನವರು, ಬೈಯುವುದರಲ್ಲಿ ಮಾತ್ರ ನಿನಗಿಂತ ಒಂದು ಕೈ ಕಮ್ಮಿ.

ಹೊರಟ ದಿನ ನಾನು ಆಡಿದ ಮಾತು ನನಗೆ ಮರೆತಿಲ್ಲ. "ನಿಂಗೆ ಬೇಕಾಗಿರೋದು ಮಗಳಲ್ಲ, ಸಂಬಳ ಇಲ್ಲದ ಕೈಯಾಳು" ಅಂದೆ. ಅದೂ ನಮ್ಮ ಪುಸ್ತಕದ ಬೈಂಡಿಂಗ್ ಅಂಗಡಿಯ ಬಾಗಿಲಲ್ಲಿ, ಗಿರಾಕಿಗಳ ಎದುರಿಗೆ. ನೀನು "ಹೋಗು, ಇನ್ನು ಈ ಹೊಸ್ತಿಲು ತುಳೀಬೇಡ" ಅಂದೆ. ಮೊದಮೊದಲು ನನಗೂ ಕುದಿಯುತ್ತಿತ್ತು. ಕಬ್ಬಿಣದ ತೊಲೆ ಬರುವ ತನಕ ಕ್ಯಾಬಿನ್ನಿನಲ್ಲಿ ಸುಮ್ಮನೆ ಕೂತಿರಬೇಕು, ಆಗೆಲ್ಲ ಒಬ್ಬಳೇ ನಿನ್ನ ಜೊತೆ ಜಗಳ ಆಡುತ್ತಿದ್ದೆ. ಆಡಿ ಆಡಿ ಒಂದು ದಿನ ನನ್ನ ಕಡೆಯಿಂದ ಹೇಳುವುದಕ್ಕೆ ಏನೂ ಉಳಿಯಲಿಲ್ಲ. ವರ್ಷವಾಗುತ್ತ ಬಂತು. ಹೊಟ್ಟೆಗೆ ಹಾಕಿಕೊ ಅಮ್ಮ.

ಈಗ ವಿಷಯಕ್ಕೆ ಬರುತ್ತೇನೆ. ಇಲ್ಲಿಯ ಕೆಲಸ ಆಗಸ್ಟಿಗೆ ಮುಗಿಯುತ್ತದೆ. ಮುಂದಿನ ಸೇತುವೆ ಬಹಳ ದೂರ, ಐದು ವರ್ಷದ ಕರಾರು, ನಡುವೆ ರಜೆ ಗಿಜೆ ಇಲ್ಲ. ಜೂನ್ ಮುಗಿಯುವುದರೊಳಗೆ ಸಹಿ ಹಾಕುತ್ತೇನೋ ಇಲ್ಲವೋ ಹೇಳಬೇಕು. ನಮ್ಮೂರಿನ ಬಂದರಿನಲ್ಲೂ ಕ್ರೇನಿನ ಕೆಲಸವಿದೆ, ಕೇಳಿಕೊಂಡಿದ್ದೇನೆ. ಬೆಳಗ್ಗೆ ಬಂದರಿಗೆ ಹೋಗಿ ಸಂಜೆ ಮನೆಗೆ ಬರಬಹುದು. ನೀನು ಬಾ ಅಂದರೆ ಸಹಿ ಹಾಕುವುದಿಲ್ಲ.

ಬರಲೇ?

ನಿನ್ನ
ಚೂಟಿ


ಫೆಬ್ರವರಿ 20

ಚೂಟಿಗೆ,

ಮೊನ್ನೆ ತಾನೇ ನಾಲ್ಕು ಜನರ ಮುಂದೆ ನನ್ನ ಮಾನ ಕಳೆದು ಹೋದವಳು, ಇವತ್ತು ಬರಲೇ ಎಂದು ಕೇಳುತ್ತೀಯಲ್ಲ. ನಿನ್ನ ಮಾತಿನ ಬಿಸಿಯೇ ನನಗಿನ್ನೂ ಆರಿಲ್ಲ.

ಕಾಗದ ಮಡಿಸುವುದನ್ನು ನಾನು ಕಲಿಸಿದೆ. ಹೊಲಿಗೆ ಕಲಿಸಿದೆ. ನೀನು ದಬ್ಬಳ ಚುಚ್ಚಿಕೊಂಡಾಗ ನಿನ್ನ ಬೆರಳನ್ನು ನನ್ನ ಬಾಯಲ್ಲಿಟ್ಟುಕೊಂಡು ಚೀಪಿದೆ. ಕೈಯಾಳಿಗೆ ಯಾರು ಹಾಗೆ ಮಾಡುತ್ತಾರೆ, ಹೇಳು ನೋಡೋಣ.

ನೀನಿಲ್ಲದೆ ಇಲ್ಲಿ ಏನೂ ನಿಂತಿಲ್ಲ. ಶಾಲೆಯವರ ಆರ್ಡರು, ಲೈಬ್ರರಿಯವರ ಆರ್ಡರು ಎಲ್ಲ ಹೇಳಿದ ದಿನಕ್ಕಿಂತ ಮುಂಚೆಯೇ ಮುಗಿಯುತ್ತಿವೆ. "ಒಳಗೆ ದೆವ್ವ ಗಿವ್ವ ಇಟ್ಕೊಂಡಿದೀರಾ" ಎಂದು ಎದುರಂಗಡಿಯವನು ಕೇಳುತ್ತಾನೆ. ಅದಕ್ಕೇ ಸುಮ್ಮನೆ ಸಹಿ ಹಾಕು.

ಕೈಯಾಳು ಹುಡುಕುತ್ತಿರುವ
ಅಮ್ಮ


ಮಾರ್ಚ್ 3

ಮಾವ,

ಅಮ್ಮನ ಪತ್ರ ಬಂತು. ಓದಿ ಅತ್ತುಬಿಟ್ಟೆ, ಆಮೇಲೆ ಹೆದರಿದೆ. ಬೈದದ್ದಕ್ಕಲ್ಲ, ಬೈಗುಳ ಅವಳ ಮನೆಮಾತು. "ಮೊನ್ನೆ ತಾನೇ" ಎಂದು ಬರೆದಿದ್ದಾಳೆ. ನಾನು ಹೊರಟದ್ದು ಮೊನ್ನೆಯಲ್ಲ ಮಾವ. ಈ ನಡುವೆ ಒಂದು ಮಳೆಗಾಲ, ಒಂದು ಚಳಿಗಾಲ ಎರಡೂ ಕಳೆದಿವೆ. ಅವಳ ತಲೆಗೆ ಏನಾದರೂ ಆಗಿದೆಯೇ? ಡಾಕ್ಟರಿಗೆ ತೋರಿಸಿದ್ದೀಯಾ?

ಅವಳು ಅಕ್ಕ ಎಂದು ನೀನು ಬಾಯಿಗೆ ಬೀಗ ಹಾಕಿಕೊಂಡು ಕೂತಿರುತ್ತೀಯ, ಗೊತ್ತು. ಕಟಿಂಗ್ ಮೆಷಿನ್ನಿನ ಪಕ್ಕ ಮೂವತ್ತು ವರ್ಷದಿಂದ ಹಾಗೇ ಕೂತಿದ್ದೀಯ. ಈ ಒಂದು ಸಲ ಹೇಳು. ಆ ಬಾಗಿಲು ನನಗೆ ಮುಚ್ಚಿಹೋಗಿದ್ದರೆ ಐದು ವರ್ಷಕ್ಕೆ ಸಹಿ ಹಾಕಿ ಹೋಗಿಬಿಡುತ್ತೇನೆ. ಸುಮ್ಮನೆ ಎರಡು ದೋಣಿಯ ಮೇಲೆ ಕಾಲಿಟ್ಟುಕೊಂಡಿರಲು ನನ್ನಿಂದಾಗುವುದಿಲ್ಲ.

ಚೂಟಿ


ಮಾರ್ಚ್ 19

ಚೂಟಿ,

ನಿನ್ನ ಅಮ್ಮನ ತಲೆ ಸರಿಯಾಗಿಯೇ ಇದೆ. ನೆನ್ನೆ ನನ್ನ ಚಹಾದ ಬಾಕಿ ಲೆಕ್ಕ ಎಲ್ಲರೆದುರು ಹೇಳಿದಳು, ಒಂದು ಲೋಟವೂ ತಪ್ಪಲಿಲ್ಲ.

ನಾನು ಈಗ ಬರೆಯುವುದನ್ನು ಬರೆಯಬಾರದು. ಗೊತ್ತಾದರೆ ನನ್ನನ್ನು ಹೊರಗೆ ಹಾಕುತ್ತಾರೆ. ಹಾಕಲಿ, ನನಗೇನು ಅಲ್ಲಿ ಸಿಂಹಾಸನ ಇಟ್ಟಿಲ್ಲ.

ನಮ್ಮ ಬೀದಿಯ ಕೊನೆಯಲ್ಲಿ ಕೊಡೆ ರಿಪೇರಿ ಅಜ್ಜನ ಅಂಗಡಿ ಇದೆಯಲ್ಲ, ಅದರ ಹಿಂದೊಂದು ಕೋಣೆ. ಗೋಡೆಗೆ ಎರಡು ಬೆಂಚು, ಮೂಲೆಯಲ್ಲಿ ಮುರಿದ ಕಡ್ಡಿಗಳ ರಾಶಿ, ಮತ್ತೇನಿಲ್ಲ. ಅಲ್ಲಿ ಸೇರುವವರು ತಮ್ಮನ್ನು ಹೊತ್ತಿನ ಕೂಟ ಎಂದು ಕರೆದುಕೊಳ್ಳುತ್ತಾರೆ. ಅವರ ವ್ಯಾಪಾರವೆಲ್ಲ ಹೊತ್ತಿನದು. ಹಾಗೆಂದು ಎಲ್ಲ ಹೊತ್ತನ್ನೂ ಮಾರಲಾಗುವುದಿಲ್ಲ, ಕಾಯುವ ಹೊತ್ತನ್ನು ಮಾತ್ರ. ಬಸ್ಸಿಗೆ ಕಾಯುವುದು, ಬ್ಯಾಂಕಿನ ಸಾಲು, ಆಸ್ಪತ್ರೆಯ ಬೆಂಚು. ಅದು ಯಾರಿಗೂ ಬೇಡವಾದ ಹೊತ್ತು, ಆದ್ದರಿಂದ ಎಲ್ಲರೂ ನಗುನಗುತ್ತ ಕೊಡುತ್ತಾರೆ. ಕೊಡುವವನು ಕೊಡೆಯ ಬಟ್ಟೆಯ ಒಂದು ಪಟ್ಟಿಯ ಈ ತುದಿ ಹಿಡಿಯುತ್ತಾನೆ, ಕೊಳ್ಳುವವನು ಆ ತುದಿ. ಯಾತಕ್ಕೆ ಕಾಯುತ್ತಿದ್ದೇನೆ ಎಂದು ಬಾಯಿಬಿಟ್ಟು ಹೇಳಬೇಕು. "ಕೊಟ್ಟೆ" ಎಂದು ಒಬ್ಬ, "ತಗೊಂಡೆ" ಎಂದು ಇನ್ನೊಬ್ಬ. ಅಜ್ಜ ನಡುವೆ ಕತ್ತರಿ ಹಾಕುತ್ತಾನೆ. ಅಷ್ಟೇ.

ಕೊಂಡವನ ಕೈಯಲ್ಲಿ ಅದು ಕೆಲಸದ ಹೊತ್ತಾಗುತ್ತದೆ. ಗಡಿಯಾರದ ಮುಳ್ಳು ಇದ್ದಲ್ಲೇ ಇರುತ್ತದೆ, ಅವನ ಕೆಲಸ ಮುಗಿದಿರುತ್ತದೆ. ಕೊಟ್ಟವನು ಎಂದಿನಂತೆ ಉಣ್ಣುತ್ತಾನೆ, ದುಡಿಯುತ್ತಾನೆ, ಚಹಾದ ಲೆಕ್ಕವನ್ನೂ ಇಡುತ್ತಾನೆ. ಆದರೆ ಕಾಯುವ ಭಾಗ ಅವನ ಮನಸ್ಸನ್ನು ಮುಟ್ಟದೆ ಹೋಗುತ್ತದೆ.

ಎಲ್ಲ ಕಾಯುವಿಕೆಯೂ ಒಂದೇ ಸಮ ಅಲ್ಲ. ಬಸ್ಸಿನ ಹೊತ್ತು ನೀರು ಬೆರೆಸಿದ ಹಾಲು. ಮಗಳಿಗಾಗಿ ಕಾಯುವ ತಾಯಿಯ ಹೊತ್ತು ಕೆನೆ. ನೀನು ಹೋದ ಮರುದಿನವೇ ಅಜ್ಜ ಅಂಗಡಿಗೆ ಬಂದ. ಅಕ್ಕ ಬಾಗಿಲ ಕಡೆ ಮುಖ ಮಾಡಿ ಕೂತಿದ್ದಳು, ಕೈಯಲ್ಲಿ ಅಂಟಿನ ಬ್ರಷ್ಷು ಒಣಗಿಹೋಗಿತ್ತು. "ಈ ಹೊತ್ತು ನಿಂಗ್ಯಾಕಮ್ಮ, ನಮಗೆ ಕೊಡು" ಅಂದ. ಅವತ್ತಿನಿಂದ ಕೊಡುತ್ತಲೇ ಇದ್ದಾಳೆ. ಅವಳ ಹೊತ್ತೆಲ್ಲ ಒಬ್ಬ ಸೂಲಗಿತ್ತಿಗೆ ಹೋಗುತ್ತದೆ. ಬದಲಿಗೆ ಬಸ್ಸಿನವರ, ಬ್ಯಾಂಕಿನವರ ತೆಳು ಹೊತ್ತು ನಮ್ಮ ಅಂಗಡಿಗೆ ರಾಶಿ ರಾಶಿ ಬರುತ್ತದೆ. ಆರ್ಡರುಗಳು ಮುಂಚೆಯೇ ಮುಗಿಯುವ ಗುಟ್ಟು ಇದು.

ನಾನು ಮಾರಿದ್ದು ಒಂದೇ ಸಲ, ಹಲ್ಲಿನ ಡಾಕ್ಟರ ಬಾಗಿಲಲ್ಲಿ ಕಾಯುವ ಹೊತ್ತು. ಬೆಂಚಿನ ಮೇಲೆ ಕೂತದ್ದೇ ತಡ, ಒಳಗೆ ಕುರ್ಚಿಯಲ್ಲಿ ಬಾಯಿ ತೆರೆದುಕೊಂಡಿದ್ದೆ. ಧೈರ್ಯ ತಂದುಕೊಳ್ಳುವುದಕ್ಕೂ ಅದೇ ಹೊತ್ತು ಬೇಕಾಗಿತ್ತು ಎಂದು ಆಗ ಗೊತ್ತಾಯಿತು. ಬೀದಿಗೆ ಕೇಳುವ ಹಾಗೆ ಕಿರುಚಿದೆ.

ನಿನ್ನ ಅಮ್ಮನಿಗೆ ಆಗಿರುವುದೂ ಅದೇ. ಕೋಪ ಇಳಿಯಲು ಬೇಕಾದ ಹೊತ್ತನ್ನೇ ಮಾರಿಕೊಂಡಿದ್ದಾಳೆ. ಅವಳ ಪಾಲಿಗೆ ನೀನು ನಿಜವಾಗಿಯೂ ಮೊನ್ನೆ ಹೋದವಳು. ನೀನು ಸಹಿ ಹಾಕಿ ಐದು ವರ್ಷ ಬಿಟ್ಟು ಬಂದರೂ ಅವಳು ಬಾಗಿಲಲ್ಲಿ ಅದೇ ಮುಖ ಹೊತ್ತು ನಿಂತಿರುತ್ತಾಳೆ. ನಾನು ಹೇಳಿ ನೋಡಿದೆ, ರಟ್ಟು ಎತ್ತಿಕೊಂಡು ಹೊಡೆಯಲು ಬಂದಳು. ನೀನೇ ಏನಾದರೂ ಮಾಡು.

ನಿನ್ನ
ಮಾವ


ಏಪ್ರಿಲ್ 2

ಅಮ್ಮ,

ಕೊಡೆ ಅಜ್ಜನ ಹಿಂದಿನ ಕೋಣೆ ನನಗೆ ಗೊತ್ತಾಗಿದೆ. ಯಾರು ಹೇಳಿದರು ಎಂದು ಮನೆಯಲ್ಲಿ ರಾದ್ಧಾಂತ ಮಾಡಬೇಡ.

ಮೊದಲು ನನಗೆ ಮೈಯೆಲ್ಲ ಉರಿಯಿತು. ನಾನಿಲ್ಲಿ ಒಂದೊಂದು ದಿನವನ್ನೂ ಹಲ್ಲು ಕಚ್ಚಿ ಕಳೆದೆ. ನಿನ್ನ ಮೇಲಿನ ಸಿಟ್ಟನ್ನು ಒಬ್ಬಳೇ ಹೊತ್ತುಕೊಂಡು ಏಣಿ ಹತ್ತಿದೆ, ಇಳಿದೆ. ಅದು ಕರಗಿದ್ದು ತಾನಾಗಿ ಅಲ್ಲ, ನಾನು ಅದರ ಜೊತೆ ಇದ್ದೆ. ನೀನು ನಿನ್ನದರ ಜೊತೆ ಒಂದು ದಿನವೂ ಇರಲಿಲ್ಲ. ನನಗಾಗಿ ಕಾದ ಹೊತ್ತು ಬರೀ ನಿನ್ನದಲ್ಲ ಅಮ್ಮ, ಅದರಲ್ಲಿ ನಾನೂ ಇದ್ದೆ. ನನ್ನನ್ನು ಕೇಳದೆ ಕೊಟ್ಟೆ.

ಕ್ಷಮಿಸು ಎಂದು ಇನ್ನು ನಾನು ಕೇಳುವುದಿಲ್ಲ. ಕೇಳುವುದು ಒಂದೇ. ನನಗಾಗಿ ಕಾಯಿ. ಜೂನ್ ತನಕ ಎಲ್ಲ ತಾಯಂದಿರೂ ಕಾಯುವ ಹಾಗೆ, ಕಣ್ಣಲ್ಲಿ ಎಣ್ಣೆ ಬಿಟ್ಟುಕೊಂಡು ಕಾಯಿ. ಆಮೇಲೂ ನಿನಗೆ ಹೋಗು ಅನ್ನಿಸಿದರೆ ಹೋಗು ಅನ್ನು. ಆಗ ಅದು ನಿನ್ನ ಮಾತು ಎಂದು ತಲೆಬಾಗಿ ಸಹಿ ಹಾಕುತ್ತೇನೆ. ಅದಕ್ಕೆ ಮೊದಲು ನಾನು ಪೆನ್ನು ಮುಟ್ಟುವುದಿಲ್ಲ.

ಚೂಟಿ


ಏಪ್ರಿಲ್ 12

ಚೂಟಿಗೆ,

ಯಾರು ಹೇಳಿದರು ಎಂದು ಕೇಳಬೇಕಾಗಿಯೇ ಇಲ್ಲ. ನಿನ್ನ ಮಾವ ಮೂರು ದಿನದಿಂದ ಕರೆಯದಿದ್ದರೂ "ಬಂದೆ ಅಕ್ಕ" ಎನ್ನುತ್ತಿದ್ದಾನೆ.

ನೀನು ಹೋದ ಆ ಒಂದು ದಿನ ನಾನು ಕಾದಿದ್ದೆ. ಕೊಡೆ ಅಜ್ಜ ಬರುವ ಮೊದಲು. ಮೆಟ್ಟಿಲ ಮೇಲೆ ಯಾವ ಚಪ್ಪಲಿ ಸದ್ದಾದರೂ ನೀನೇ ಎಂದು ತಲೆ ಎತ್ತುತ್ತಿದ್ದೆ, ತಲೆ ಎತ್ತಿದ್ದಕ್ಕೆ ನನ್ನ ಮೇಲೆ ನನಗೇ ಸಿಟ್ಟು ಬರುತ್ತಿತ್ತು. ಅಂಥದ್ದನ್ನು ದಿನವೂ ಯಾರು ತಡೆದುಕೊಳ್ಳುತ್ತಾರೆ? ಕೊಟ್ಟೆ. ಕೊಟ್ಟದ್ದಕ್ಕೆ ನನಗೆ ನಾಚಿಕೆಯಿಲ್ಲ. ಸೂಲಗಿತ್ತಿ ಒಮ್ಮೆ ಬಂದು ನನ್ನ ಕೈ ಹಿಡಿದುಕೊಂಡು, "ಮಗು ಅಡ್ಡ ತಿರುಗಿತ್ತು ಕಣಮ್ಮ, ನಿಮ್ಮ ಹೊತ್ತು ಇದ್ದಿದ್ದಕ್ಕೆ ಇಬ್ರೂ ಉಳುದ್ರು" ಅಂದಳು. ನಿನ್ನ ಮೇಲಿನ ಸಿಟ್ಟಿನಿಂದ ಅಷ್ಟಾದರೂ ಒಳ್ಳೆಯದಾಯಿತು.

ಆದರೆ ನನ್ನ ಸಿಟ್ಟು ಕರಗದೆ ಇರುವುದು ಆ ಕೂಟದ ದೆಸೆಯಿಂದ ಎಂದು ನೀವಿಬ್ಬರೂ ಸೇರಿಕೊಂಡು ತೀರ್ಮಾನ ಮಾಡಿದ್ದೀರಲ್ಲ, ಅದನ್ನು ನಾನು ಸಹಿಸುವುದಿಲ್ಲ. ನನ್ನ ಸಿಟ್ಟು ನನ್ನ ಸ್ವಂತದ್ದು. ಅದಕ್ಕೆ ಯಾರ ಕತ್ತರಿಯೂ ಬೇಡ. ಆದ್ದರಿಂದ ಕೇಳು. ಇವತ್ತಿನಿಂದ ಒಂದು ಗಳಿಗೆಯನ್ನೂ ಕೊಡುವುದಿಲ್ಲ. ಜೂನ್ ತನಕ ಕಾಯುತ್ತೇನೆ. ಕಾದು, ಇದೇ ಪೆನ್ನಿನಲ್ಲಿ, ಹೋಗು ಎಂಬ ಅದೇ ಮಾತನ್ನು ಮತ್ತೆ ಬರೆಯುತ್ತೇನೆ. ನೋಡುತ್ತಿರು.

ಹಟದಲ್ಲಿ ನಿನಗಿಂತ ಹಿರಿಯಳಾದ
ಅಮ್ಮ


ಮೇ 6

ಚೂಟಿ,

ಇಲ್ಲಿ ನಮ್ಮ ಪಾಡು ಕೇಳಬೇಡ.

ಅಕ್ಕ ಕೊಡುವುದನ್ನು ನಿಲ್ಲಿಸಿದ ಮೇಲೆ ನಮಗೆ ಬರುತ್ತಿದ್ದ ಹೊತ್ತೂ ನಿಂತಿತು. ಆರ್ಡರುಗಳೆಲ್ಲ ತಡ. ಲೈಬ್ರರಿಯವರು ದಿನಾ ಬಂದು ಬಾಗಿಲಲ್ಲಿ ನಿಲ್ಲುತ್ತಾರೆ. ಪ್ರೆಸ್ಸಿನಲ್ಲಿ ಒತ್ತಿಟ್ಟ ಪುಸ್ತಕ ಒಣಗುವ ತನಕ ಈಗ ನಾವೂ ಎಲ್ಲರ ಹಾಗೆ ಮುಖ ಮುಖ ನೋಡಿಕೊಂಡು ಕೂರಬೇಕು.

ಮೊದಲ ವಾರ ಅವಳ ಹತ್ತಿರ ಸುಳಿಯುವ ಹಾಗಿರಲಿಲ್ಲ. ಹಿಂದಿನದೆಲ್ಲ ಒಟ್ಟಿಗೆ ಬಂತೋ ಏನೋ, ದಾರದ ಜೊತೆ ಜಗಳ, ಅಂಟಿನ ಜೊತೆ ಜಗಳ. ನಿನ್ನನ್ನು ಬೈಯುತ್ತ ಬೈಯುತ್ತ ಒಂದು ಇಡೀ ನಿಘಂಟನ್ನು ತಲೆಕೆಳಗಾಗಿ ಹೊಲಿದಿಟ್ಟಳು. ಎರಡನೆಯ ವಾರ ಬೈಗುಳ ಕಮ್ಮಿಯಾಯಿತು. ಮೂರನೆಯ ವಾರ ಊಟಕ್ಕೆ ಕೂತವಳು ತುತ್ತು ಕೈಯಲ್ಲೇ ಹಿಡಿದು, "ಇವ್ಳಿಗೆ ಚಿಕ್ಕೋಳಿದ್ದಾಗ ಎತ್ತರ ಅಂದ್ರೆ ಭಯ ಇತ್ತಲ್ವೇನೋ" ಅಂದಳು.

"ಅಟ್ಟದ ಏಣಿ ಹತ್ತೋಕೂ ಅಳ್ತಿದ್ಲು" ಅಂದೆ.

"ಮತ್ತೆ ಅಷ್ಟು ಮೇಲೆ ಹೆಂಗೆ ಕೂತಿರ್ತಾಳೆ?"

"ನಂಗೇನು ಗೊತ್ತು, ಅವಳನ್ನೇ ಕೇಳು" ಅಂದೆ. ಅಕ್ಕ ಮೊಸರು ಹಾಕಿಕೊಳ್ಳುವುದನ್ನು ಮರೆತು ಎದ್ದಳು.

ಕೂಟದವರು ನನ್ನನ್ನು ಹೊರಗೆ ಹಾಕಿದರು. ಹಲ್ಲು ನೋವು ಬಂದರೆ ಇನ್ನು ಮೇಲೆ ಎಲ್ಲರ ಹಾಗೆ ನಡುಗುತ್ತ ಕೂರುತ್ತೇನೆ.

ಮಾವ


ಜೂನ್ 8

ಚೂಟಿ,

ಅದೇ ಮಾತನ್ನು ಮತ್ತೆ ಬರೆಯುತ್ತೇನೆ ಎಂದಿದ್ದೆ. ಬರೆಯಲು ಆಗುತ್ತಿಲ್ಲ. ಮೂರು ಸಲ ಕೂತೆ.

ಸಿಟ್ಟು ಹೋಯಿತು ಎಂದು ಹೇಳಲಾರೆ. ಇದೆ, ಆದರೆ ಅದರ ಮೇಲೆ ಬೇರೆ ಏನೇನೋ ಬಂದು ಕೂತಿದೆ. ಬೆಳಗ್ಗೆ ಏಳುತ್ತಲೇ ಅಲ್ಲಿ ಗಾಳಿ ಜೋರಾಗಿದೆಯೋ ಏನೋ ಅನ್ನಿಸುತ್ತದೆ. ಇಲ್ಲಿ ಕಿಟಕಿ ಬಡಿದರೆ ಅಲ್ಲಿ ನಿನ್ನ ಕ್ಯಾಬಿನ್ನು ಅಲ್ಲಾಡುತ್ತದೆ ಎಂದು ಎದ್ದು ಕೂರುತ್ತೇನೆ. ಮಧ್ಯಾಹ್ನ ಟಪಾಲಿನವನು ನಮ್ಮ ಬಾಗಿಲು ದಾಟಿ ಹೋದರೆ ಅವನ ಬೆನ್ನನ್ನು ನೋಡುತ್ತ ನಿಲ್ಲುತ್ತೇನೆ. ಅವನೂ ಈಗ ಓರೆಗಣ್ಣಿನಲ್ಲಿ ನೋಡಿ ಬೇಗ ಬೇಗ ಹೆಜ್ಜೆ ಹಾಕುತ್ತಾನೆ. ಇದನ್ನೆಲ್ಲ ನಾನು ಸೂಲಗಿತ್ತಿಗೆ ಕೊಟ್ಟುಬಿಟ್ಟಿದ್ದೆನಲ್ಲ. ಪಾಪ, ಇಷ್ಟು ಭಾರವನ್ನು ಅವಳು ಹೇಗೆ ಕೆಲಸಕ್ಕೆ ಹಚ್ಚಿಕೊಂಡಳೋ.

ನಿನ್ನ ಆ ಮಾತನ್ನೂ ಎತ್ತಿ ಎತ್ತಿ ನೋಡಿದೆ. ತಪ್ಪು ಮಾತೇ. ಅದರಲ್ಲಿ ನಾನು ರಾಜಿಯಾಗುವುದಿಲ್ಲ. ಆದರೆ ಅಷ್ಟು ದೊಡ್ಡ ಮಾತನ್ನು ಹುಡುಗಿ ಯಾಕೆ ಆಡಿದಳು ಎಂದು ಈಗ ಯೋಚನೆ ಬಂತು. ಆ ದಿನ ನೀನು ಕ್ರೇನಿನ ಕೆಲಸ ಸಿಕ್ಕಿತು ಎಂದು ಓಡಿ ಬಂದಿದ್ದೆ, ಮುಖವೆಲ್ಲ ಬೆವರು. "ಶಾಲೆಯ ಆರ್ಡರು ಯಾರು ಹೊಲೀತಾರೆ" ಎಂದೆ ನಾನು. ಅದಕ್ಕೆ ಮೊದಲು ಆಡಬೇಕಾದ ಒಂದು ಮಾತು ಇತ್ತು. ಭೇಷ್ ಅನ್ನಬಹುದಿತ್ತು. ಈಗ ಅನ್ನುತ್ತೇನೆ, ಭೇಷ್.

ಸಹಿ ಹಾಕಬೇಡ. ಬಂದರಿನ ಕೆಲಸ ಹಿಡಿ. ಆಗಸ್ಟಿನಲ್ಲಿ ಬಾ.

ಬಂದು ಹೊಲಿಗೆಗೆ ಕೂರಬೇಕಾಗಿಲ್ಲ. ನಿನ್ನ ಹೊಲಿಗೆ ಯಾವಾಗಲೂ ಸಡಿಲವೇ ಇತ್ತು, ಮಗಳು ಎಂದು ಹೇಳಿರಲಿಲ್ಲ.

ನಿನ್ನ
ಅಮ್ಮ


ಜುಲೈ 20

ಅಮ್ಮ,

ಸಹಿ ಹಾಕಲಿಲ್ಲ. ನಿನ್ನ ಪತ್ರ ಬಂದ ದಿನವೇ ಆಫೀಸಿಗೆ ಹೋಗಿ ಹೇಳಿ ಬಂದೆ. ಬಂದರಿನವರೂ ಒಪ್ಪಿದ್ದಾರೆ. ಕೋಣೆಯ ವೆಲ್ಡಿಂಗಮ್ಮ ನಿನ್ನ ಪತ್ರದ ಕೊನೆಯ ಸಾಲು ಓದಿಸಿಕೊಂಡು ಬಿದ್ದು ಬಿದ್ದು ನಕ್ಕರು.

ಆದರೆ ಆಗಸ್ಟಿನಲ್ಲಿ ಬರಲಾಗುವುದಿಲ್ಲ. ನದಿಗೆ ಮೇಲಿನಿಂದ ನೀರು ಜೋರಾಗಿ ಬಂತು, ನಡುವಿನ ಕಂಬದ ಸುತ್ತ ಹಾಕಿದ್ದೆಲ್ಲ ಕೊಚ್ಚಿಹೋಯಿತು. ಯಾರಿಗೂ ಏನೂ ಆಗಲಿಲ್ಲ, ನನಗೂ ಇಲ್ಲ, ಮೊದಲೇ ಹೇಳುತ್ತಿದ್ದೇನೆ. ಆ ಕೆಲಸ ಮತ್ತೆ ಮಾಡಿ, ಕೊನೆಯ ತೊಲೆ ಕೂರಿಸುವ ತನಕ ಯಾರನ್ನೂ ಬಿಡುವುದಿಲ್ಲ. ನನ್ನನ್ನಂತೂ ಬಿಡುವ ಹಾಗೇ ಇಲ್ಲ, ಆ ತೊಲೆ ಎತ್ತುವವಳೇ ನಾನು. ವರ್ಷದ ಕೊನೆಯಾಗಬಹುದು, ಅದರಾಚೆಗೂ ಹೋಗಬಹುದು. ಬಿಟ್ಟು ಬಂದುಬಿಡಲೇ ಎಂದು ಒಂದು ಇಡೀ ದಿನ ಯೋಚಿಸಿದೆ. ಎತ್ತಿದ್ದನ್ನು ಇಳಿಸದೆ ಬರಲು ಮನಸ್ಸಾಗಲಿಲ್ಲ.

ಕಾಯಿ ಎಂದು ಹಟ ಹಿಡಿದವಳು ನಾನೇ. ಈಗ ನಾನೇ ಹೇಳುತ್ತಿದ್ದೇನೆ. ತೀರಾ ಕಷ್ಟವಾದರೆ ಸ್ವಲ್ಪ ಹೊತ್ತು ಕೊಟ್ಟುಬಿಡು ಅಮ್ಮ. ಸೂಲಗಿತ್ತಿಗಾದರೂ ಉಪಯೋಗವಾಗಲಿ. ನಾನು ಏನೂ ಅಂದುಕೊಳ್ಳುವುದಿಲ್ಲ.

ನಿನ್ನ
ಚೂಟಿ


ಆಗಸ್ಟ್ 3

ಚೂಟಿ,

ನಿನ್ನ ಪತ್ರ ಬಂದ ಹೊತ್ತಿಗೆ ಮನೆ ನಿನಗಾಗಿ ಸಿದ್ಧವಾಗಿತ್ತು. ಹಾಸಿಗೆ ಒಗೆದು ಒಣಗಿಸಿದ್ದೆ, ಕಿಟಕಿಗೆ ಹೊಸ ಪರದೆ ಹಾಕಿದ್ದೆ. ನಿನ್ನ ಮಾವ ನಿನಗೆಂದು ಬಣ್ಣ ಬಳಿದ ಮೇಜು ಇನ್ನೂ ಅಂಟಂಟಾಗಿಯೇ ಇದೆ.

ಮರುದಿನ ಕೊಡೆ ಅಜ್ಜ ಬಂದ. ಅವನಿಗೆ ಇಂಥದ್ದೆಲ್ಲ ಹೇಗೆ ವಾಸನೆ ಬಡಿಯುತ್ತದೋ ಕಾಣೆ. ಸೂಲಗಿತ್ತಿಯನ್ನೂ ಜೊತೆಗೆ ಕರೆತಂದಿದ್ದ. ಬಟ್ಟೆಯ ಪಟ್ಟಿ ಅವನ ಕೈಯಲ್ಲೇ ಇತ್ತು.

"ಮೊದಲಿಗಿಂತ ಈಗಿನದು ಇನ್ನೂ ಗಟ್ಟಿ ಹೊತ್ತಮ್ಮ. ಬರ್ತೀನಿ ಅಂದ ಮಗಳಿಗೆ ಕಾಯೋದು. ಇಡೀ ಊರಲ್ಲಿ ಇಂಥದ್ದು ಸಿಗಲ್ಲ. ಕೊಟ್ಬಿಡು, ಕಣ್ಣು ಮುಚ್ಚಿ ತೆಗೆಯೋದ್ರೊಳಗೆ ನಿನ್ನ ಮಗಳು ಬಾಗಿಲಲ್ಲಿರ್ತಾಳೆ" ಅಂದ.

ಸುಳ್ಳು ಹೇಳುವುದಿಲ್ಲ, ಕೈ ಮುಂದೆ ಹೋಯಿತು. ನೀನೂ ಒಪ್ಪಿಗೆ ಕೊಟ್ಟಿದ್ದೀಯ. ಸೂಲಗಿತ್ತಿ ಬಾಗಿಲಿಗೆ ಒರಗಿ ನಿಂತಿದ್ದಳು. ಕಣ್ಣ ಕೆಳಗೆ ಕಪ್ಪು ಕಟ್ಟಿತ್ತು. ಅವಳನ್ನು ಬರಿಗೈಯಲ್ಲಿ ಹೇಗೆ ಕಳಿಸುವುದು?

"ಇದನ್ನು ಬಿಟ್ಟು ಬೇರೆ ಏನಾದ್ರೂ ತಗೊ. ಸೋಮವಾರದ ಬೆಳಗ್ಗೆ ಕೊಡ್ತೀನಿ" ಅಂದೆ. ಅಂಗಡಿ ಬಾಗಿಲು ತೆರೆದು, ಗುಡಿಸಿ, ಹೊಸ ಕಾಗದದ ಕಟ್ಟು ಬಿಚ್ಚುವ ಆ ಹೊತ್ತು ನನಗೆಷ್ಟು ಇಷ್ಟ ಎಂದು ನಿನಗೆ ಗೊತ್ತಲ್ಲ.

ಅಜ್ಜ ತಲೆ ಕೆರೆದುಕೊಂಡ. ಬೇಡವಾದ ಹೊತ್ತನ್ನು ಕೊಡುವವರನ್ನೇ ಅವನು ಇಷ್ಟು ಕಾಲ ಕಂಡದ್ದು. ಬೇಕಾದದ್ದನ್ನು ಯಾರೂ ಕೊಟ್ಟಿರಲಿಲ್ಲವಂತೆ. ಕತ್ತರಿ ನಡೆಯುತ್ತದೋ ಇಲ್ಲವೋ ಎಂದು ಗೊಣಗಿದ. ನಾನು ಪಟ್ಟಿ ಹಿಡಿದು ಕೊಟ್ಟೆ ಅಂದೆ, ಅವಳು ತಗೊಂಡೆ ಅಂದಳು, ಕತ್ತರಿ ಚೆನ್ನಾಗಿಯೇ ನಡೆಯಿತು. ಈಗ ನನಗೆ ವಾರ ಶುರುವಾಗುವುದು ಸೋಮವಾರದ ಊಟದ ಮೇಲೆ. ಬೆಳಗ್ಗೆ ನಾನೇ ಗುಡಿಸಿರುತ್ತೇನೆ, ಕಟ್ಟು ಬಿಚ್ಚಿರುತ್ತೇನೆ. ಅದರ ಖುಷಿ ಮಾತ್ರ ನನಗೆ ದಕ್ಕುವುದಿಲ್ಲ. ಸೂಲಗಿತ್ತಿ ಹೇಳಿದಳು, ಈ ಹೊತ್ತಿನಲ್ಲಿ ಕೆಲಸ ಮಾಡಿದರೆ ಬೆನ್ನು ನೋಯುವುದಿಲ್ಲವಂತೆ.

ಹಾಗಾಗಿ ನಿನ್ನ ಒಪ್ಪಿಗೆಯನ್ನು ನೀನೇ ಇಟ್ಟುಕೊ. ನಿನಗಾಗಿ ಕಾಯುವ ಹೊತ್ತಿನಲ್ಲಿ ಒಂದು ಚೂರನ್ನೂ ನಾನು ಯಾರಿಗೂ ಬಿಟ್ಟುಕೊಡುವುದಿಲ್ಲ. ಕಷ್ಟವಾಗುತ್ತದೆ, ಆಗಲಿ. ನೀನು ನಿನ್ನ ತೊಲೆಯನ್ನು ಸರಿಯಾಗಿ ಕೂರಿಸಿಯೇ ಬಾ. ಗಾಳಿ ಜೋರಾಗಿದ್ದರೆ ಮೇಸ್ತ್ರಿ ಎಷ್ಟೇ ಕೈ ಬೀಸಲಿ, ಇಳಿದುಬಿಡು.

ನೀನು ಬಂದಾಗ ಬಾಗಿಲಲ್ಲಿ ನಾನು ಏನನ್ನುತ್ತೇನೋ ನನಗೇ ಗೊತ್ತಿಲ್ಲ. ಬೈದರೂ ಬೈಯಬಹುದು, ಇಷ್ಟು ತಿಂಗಳು ಕಾಯಿಸಿದ್ದಕ್ಕೆ. ಆದರೆ ಅದು ಆ ದಿನದ ಬೈಗುಳ ಆಗಿರುವುದಿಲ್ಲ, ಮಗಳೇ. ನಿನಗೆಂದೇ ಹೊಸದಾಗಿ ಬೈಯುತ್ತೇನೆ.

ಕಾಯುತ್ತಿರುವ
ಅಮ್ಮ